ಒಂದೇ ಹೆಸರು, ಬೇರೆ ಬೇರೆ ಕಪಾಟು

(ಓದುಗರ ಕೂಟವೊಂದರಲ್ಲಿ ಆಡಿದ ಮಾತು. ಬರಹಕ್ಕೆ ಇಳಿಸುವಾಗ ಅಲ್ಲಲ್ಲಿ ತಿದ್ದಿದ್ದೇನೆ. ಕೊನೆಯಲ್ಲಿ ಬಂದ ಪ್ರಶ್ನೆಗಳಲ್ಲಿ ಮೂರನ್ನು ಮಾತ್ರ ಉಳಿಸಿಕೊಂಡಿದ್ದೇನೆ.)

ಮೇಜಿನ ಮೇಲೆ ಮೂರು ಪುಸ್ತಕ ಇಟ್ಟಿದ್ದೇನೆ. ಹಿಂದೆ ಕೂತವರಿಗೆ ಅಕ್ಷರ ಕಾಣಲಿಕ್ಕಿಲ್ಲ, ನಾನೇ ಓದಿ ಹೇಳುತ್ತೇನೆ. ಮೊದಲನೆಯದು ಜಗತ್ತಿನ ಬಿಯರುಗಳ ಬಗ್ಗೆ, 1977ರಲ್ಲಿ ಬಂದದ್ದು. ಎರಡನೆಯದು ಒಬ್ಬ ಹಾಡುಗಾರನ ಆತ್ಮಕಥೆ, 1988ರದ್ದು. ಮೂರನೆಯದು ಒಬ್ಬ ಸೇನಾಧಿಕಾರಿಯ ನೆನಪುಗಳು, 2007ರದ್ದು. ಬರೆದವರು ಯಾರು ಗೊತ್ತಾ? ಮೈಕೆಲ್ ಜಾಕ್ಸನ್, ಮೈಕೆಲ್ ಜಾಕ್ಸನ್, ಜನರಲ್ ಸರ್ ಮೈಕ್ ಜಾಕ್ಸನ್.

ನೀವೆಲ್ಲ ನಕ್ಕಿರಿ. ಯಾರೂ ಮೋಸ ಹೋಗಲಿಲ್ಲ. ಹಾಡುಗಾರ ಜಾಕ್ಸನ್ ಎಂಥಾ ಪ್ರಸಿದ್ಧ ಅಂದರೆ, ಅವನು ಬ್ರಿಟಿಷ್ ಸೈನ್ಯದಲ್ಲಿ ಇರಲಿಲ್ಲ ಅಂತ ಯಾರೂ ಹೇಳಿಕೊಡಬೇಕಾಗಿಲ್ಲ. ಕಷ್ಟ ಬರುವುದು ಪ್ರಸಿದ್ಧರಲ್ಲದ ಜಾಕ್ಸನ್‌ಗಳ ವಿಷಯದಲ್ಲಿ. ಕವಿತೆ ಬರೆದ ಒಬ್ಬರು, ಮಣ್ಣಿನ ರಸಾಯನದ ಬಗ್ಗೆ ಬರೆದ ಇನ್ನೊಬ್ಬರು. ಹೆಸರು ಒಂದೇ, ಇನಿಶಿಯಲ್ಲೂ ಒಂದೇ. ಇಬ್ಬರ ಬಗ್ಗೆಯೂ ನಮಗೆ ಏನೂ ಗೊತ್ತಿಲ್ಲ. ಆಗ ಏನು ಮಾಡುತ್ತೀರಿ?

ನಾನು ಏನು ಮಾಡಿದೆ ಅಂತ ಹೇಳಿಬಿಡುತ್ತೇನೆ. ಗ್ರಂಥಾಲಯದಲ್ಲಿ ಕ್ಯಾಟಲಾಗ್ ಮಾಡುವುದು ನನ್ನ ಕೆಲಸ. ಪುಸ್ತಕ ಬಂದಾಗ ಅದರ ಹೆಸರು, ಬರೆದವರು, ವಿಷಯ ಎಲ್ಲ ಬರೆದುಕೊಂಡು, ಅದು ಯಾವ ಕಪಾಟಿಗೆ ಹೋಗಬೇಕು ಅಂತ ಹೇಳುವವನು. ಕೆಲಸಕ್ಕೆ ಸೇರಿದ ಹೊಸದು. ಹಳೆಯ ಕಾರ್ಡುಗಳನ್ನು ಕಂಪ್ಯೂಟರಿಗೆ ಏರಿಸುತ್ತಿದ್ದೆವು. ಆ ಕವಿಯ ಹೆಸರಲ್ಲಿ ಒಂದು ಕಾರ್ಡು, ಮಣ್ಣಿನವರ ಹೆಸರಲ್ಲಿ ಇನ್ನೊಂದು. ಅಕ್ಷರ ಅಕ್ಷರವೂ ಅದೇ. ಯಾರೋ ತಪ್ಪಿ ಎರಡು ಕಾರ್ಡು ಮಾಡಿದ್ದಾರೆ ಅಂದುಕೊಂಡೆ. ಎರಡನ್ನೂ ಕೂಡಿಸಿ ಒಂದು ಮಾಡಿದೆ. ಅಚ್ಚುಕಟ್ಟಾಯಿತು ಅಂತ ಸಂತೋಷ ಬೇರೆ.

ಎಷ್ಟೋ ತಿಂಗಳಾದ ಮೇಲೆ ಒಬ್ಬ ಓದುಗರು ಬಂದರು, ವಯಸ್ಸಾದವರು. ಕೈಯಲ್ಲಿ ಮಣ್ಣಿನ ಪುಸ್ತಕ. "ಇವರು ಕವಿತೆ ಬಿಟ್ಟು ಗೊಬ್ಬರಕ್ಕೆ ಯಾವಾಗ ಬಂದರು?" ಅಂತ ಕೇಳಿದರು. ಬಂದಿರಬಹುದು ಸರ್, ಏನೋ ಆಸಕ್ತಿ ಇತ್ತೇನೋ ಅಂದೆ. ಅವರು ಪುಸ್ತಕ ತೆರೆದು ಮುನ್ನುಡಿಯ ಕೊನೆ ತೋರಿಸಿದರು. ಅಲ್ಲಿ ಲೇಖಕರ ಸಹಿ, ಕೆಳಗೆ ತಾರೀಖು. ಕವಿ ತೀರಿಕೊಂಡು ಆಗಲೇ 11 ವರ್ಷ ಆಗಿತ್ತು.

ನಾನು ಆ ಪುಟ ತಿರುಗಿಸಿ ನೋಡಿರಲೇ ಇಲ್ಲ.

ಬಿಡಿಸೋಣ ಅಂತ ಕೂತೆ. ಆಮೇಲೆ ಗೊತ್ತಾಯಿತು ನನ್ನ ತಪ್ಪು ಎಂಥದ್ದು ಅಂತ. ಕೂಡಿಸಲು ನನಗೆ ಹಿಡಿದದ್ದು ಒಂದು ನಿಮಿಷ. ಕೂಡಿಸಿದ ಮೇಲೆ ಯಾವ ಪುಸ್ತಕ ಮೊದಲು ಯಾವ ಕಾರ್ಡಿನಲ್ಲಿತ್ತು ಅನ್ನೋ ಗುರುತೇ ಉಳಿಯಲಿಲ್ಲ. ಎಲ್ಲವೂ ಒಂದೇ ಹೆಸರಿನ ಕೆಳಗೆ, ಬೆರಕೆ ಅಕ್ಕಿಯ ಹಾಗೆ. ನಲವತ್ತಕ್ಕೂ ಜಾಸ್ತಿ ಪುಸ್ತಕ. ಒಂದೊಂದನ್ನೇ ಕಪಾಟಿನಿಂದ ಇಳಿಸಿ, ಒಂದೊಂದರ ಮುನ್ನುಡಿ, ಅರ್ಪಣೆ, ಹಿಂಬದಿಯ ಫೋಟೋ ನೋಡಿ, ಇದು ಇವರದ್ದು, ಇದು ಅವರದ್ದು ಅಂತ ಗುಡ್ಡೆ ಮಾಡಬೇಕಾಯಿತು.

ಈ ಕೆಲಸದಲ್ಲಿ ಎರಡು ಥರದ ತಪ್ಪು ಇದೆ. ಇಬ್ಬರನ್ನು ಒಬ್ಬರು ಮಾಡುವುದು ಒಂದು, ಒಬ್ಬರನ್ನು ಇಬ್ಬರು ಮಾಡುವುದು ಇನ್ನೊಂದು. ಎರಡೂ ಸಮ ಅಂತ ಹೇಳುವವರಿದ್ದಾರೆ. ನಾನು ಒಪ್ಪುವುದಿಲ್ಲ. ಒಬ್ಬರನ್ನು ಇಬ್ಬರು ಮಾಡಿದರೆ ಮುಂದೆ ಯಾರೋ ನೋಡಿ ಸುಲಭವಾಗಿ ಕೂಡಿಸಬಹುದು. ಇಬ್ಬರನ್ನು ಒಬ್ಬರು ಮಾಡಿದರೆ ತಪ್ಪಾಗಿದೆ ಅಂತಲೇ ಯಾರಿಗೂ ಕಾಣುವುದಿಲ್ಲ. ಅದಕ್ಕೆ, ಕೂಡಿಸುವ ಮುಂಚೆ ಕೈ ತಡೆಯಬೇಕು. ಇವತ್ತು ನಾನು ಹೇಳಲು ಬಂದಿರುವುದು ಇಷ್ಟೇ. ಉಳಿದದ್ದೆಲ್ಲ ಇದಕ್ಕೆ ಕತೆಗಳು.

ಒಬ್ಬರು ತಲೆ ಅಲ್ಲಾಡಿಸುತ್ತಿದ್ದಾರೆ. "ವಿಷಯ ನೋಡಿದರೆ ಸಾಕಲ್ವಾ? ಕವಿತೆ ಒಬ್ಬರು, ಗೊಬ್ಬರ ಇನ್ನೊಬ್ಬರು" ಅಂತ ನಿಮ್ಮ ಮನಸ್ಸಿನಲ್ಲಿ ಇರಬೇಕು. ಸಾಕಾಗುವುದಿಲ್ಲ. ಕನ್ನಡ ಗೊತ್ತಿಲ್ಲದ, ದೂರದೇಶದ ಒಬ್ಬ ಕ್ಯಾಟಲಾಗಿನವನನ್ನು ನೆನೆಸಿಕೊಳ್ಳಿ. ಅವನ ಮುಂದೆ ನಾಲ್ಕು ಪುಸ್ತಕ ಬರುತ್ತವೆ. ಒಂದು ಕಾದಂಬರಿ. ಒಂದು ಮಕ್ಕಳಿಗಾಗಿ ಬರೆದ ವಿಶ್ವಕೋಶ. ಒಂದು ವಿಜ್ಞಾನದ ಸಂಪುಟ. ಒಂದು ಯಕ್ಷಗಾನದ ಅಧ್ಯಯನ. ನಾಲ್ಕರ ಮೇಲೂ ಶಿವರಾಮ ಕಾರಂತ ಅಂತ ಹೆಸರು. ವಿಷಯ ನೋಡಿ ತೀರ್ಮಾನ ಮಾಡುವವನಾದರೆ ಅವನು ಖಂಡಿತ ನಾಲ್ಕು ಕಾರಂತರನ್ನು ಹುಟ್ಟಿಸುತ್ತಾನೆ. ನಮಗೆ ಗೊತ್ತು, ಮೂಕಜ್ಜಿಯ ಕತೆ ಹೇಳಿದವರೂ ಬಾಲಪ್ರಪಂಚ ಬರೆದವರೂ ಒಬ್ಬರೇ ಅಂತ. ಗೊತ್ತಿರುವುದರಿಂದ ಗೊತ್ತು, ಪುಸ್ತಕದ ವಿಷಯದಿಂದ ಅಲ್ಲ.

ಇದಕ್ಕೆ ನನಗೆ ಬಹಳ ಇಷ್ಟವಾದ ಉದಾಹರಣೆ ಸ್ಯಾಮ್ಯುಯೆಲ್ ಬಟ್ಲರ್. ಇಂಗ್ಲೆಂಡಿನಲ್ಲಿ ಈ ಹೆಸರಿನ ಮೂವರು ಬರೆದಿದ್ದಾರೆ. ಮೊದಲನೆಯವನು 17ನೇ ಶತಮಾನದವನು, 1613ರಿಂದ 1680. 'ಹ್ಯೂಡಿಬ್ರಾಸ್' ಅಂತ ಉದ್ದನೆಯ ವಿಡಂಬನೆಯ ಪದ್ಯ ಬರೆದ. ಎರಡನೆಯವರು ಶಾಲೆಯೊಂದರ ಮುಖ್ಯೋಪಾಧ್ಯಾಯರು, ಆಮೇಲೆ ಬಿಷಪ್ ಆದರು, 1774ರಿಂದ 1839. ಅವರು ಬರೆದದ್ದು ಭೂಗೋಳ. ಮೂರನೆಯವನು ಅವರ ಮೊಮ್ಮಗ, 1835ರಿಂದ 1902. ಇವನು ಬರೆದದ್ದು ಏನು ಅಂತ ಕೇಳಬೇಡಿ, ಏನು ಬರೆಯಲಿಲ್ಲ ಅಂತ ಕೇಳಿ.

1872ರಲ್ಲಿ ಅವನ 'ಎರೆವಾನ್' ಬಂತು. ಇಂಗ್ಲಿಷಿನಲ್ಲಿ 'ಎಲ್ಲಿಯೂ ಇಲ್ಲ' ಅನ್ನೋ ಪದವನ್ನು ಹೆಚ್ಚುಕಡಿಮೆ ಹಿಂದುಮುಂದಾಗಿ ಬರೆದರೆ ಆಗುವ ಹೆಸರು ಅದು. ಇಲ್ಲದ ಒಂದು ದೇಶದ ಕತೆ. ಅಲ್ಲಿ ಕಾಯಿಲೆ ಬಂದರೆ ಶಿಕ್ಷೆ, ಕಳ್ಳತನ ಮಾಡಿದರೆ ಚಿಕಿತ್ಸೆ. ಆಮೇಲೆ ಜೀವವಿಕಾಸದ ಬಗ್ಗೆ ಡಾರ್ವಿನ್ ಜೊತೆ ಜಗಳ ತೆಗೆದ, ಅದಕ್ಕೇ ಒಂದೆರಡಲ್ಲ, ಹಲವು ಪುಸ್ತಕ. 1897ರಲ್ಲಿ ಇನ್ನೊಂದು ಬಂತು: ಒಡಿಸ್ಸಿ ಬರೆದದ್ದು ಹೋಮರ್ ಅಲ್ಲ, ಒಬ್ಬ ಹೆಣ್ಣುಮಗಳು ಅನ್ನೋ ವಾದ. ಅವನು ಸತ್ತ ಮರುವರ್ಷ, 1903ರಲ್ಲಿ, ಅವನ ದೊಡ್ಡ ಕಾದಂಬರಿ ಅಚ್ಚಾಯಿತು. ಒಬ್ಬನೇ ಮನುಷ್ಯ! ಈಗ ಹೇಳಿ. ವಿಡಂಬನೆ ಬರೆದ ಮೊದಲ ಬಟ್ಲರ್‌ಗೂ ವಿಡಂಬನೆ ಬರೆದ ಮೂರನೆಯ ಬಟ್ಲರ್‌ಗೂ ಇರುವ ಹೋಲಿಕೆ ಜಾಸ್ತಿಯೋ, ಎರೆವಾನ್ ಬರೆದವನಿಗೂ ಒಡಿಸ್ಸಿಯ ವಾದ ಬರೆದವನಿಗೂ ಇರುವ ಹೋಲಿಕೆ ಜಾಸ್ತಿಯೋ? ವಿಷಯ ನೋಡಿ ಗುಂಪು ಮಾಡಿದರೆ ಎಲ್ಲಾ ಎಡವಟ್ಟು.

ಇನ್ನೂ ಒಂದು ಮಜಾ ಇದೆ. 1896ರಲ್ಲಿ ಮೊಮ್ಮಗ ತನ್ನ ತಾತನ ಜೀವನಚರಿತ್ರೆ ಬರೆದ. ಹಾಗಾಗಿ ಆ ಪುಸ್ತಕದ ಮುಖಪುಟದಲ್ಲಿ ಸ್ಯಾಮ್ಯುಯೆಲ್ ಬಟ್ಲರ್ ಎರಡು ಸಲ ಬರುತ್ತಾನೆ, ಒಮ್ಮೆ ಯಾರ ಬಗ್ಗೆ ಅಂತ, ಒಮ್ಮೆ ಯಾರು ಬರೆದದ್ದು ಅಂತ. ಕ್ಯಾಟಲಾಗ್ ಮಾಡುವವನ ಹೊಟ್ಟೆ ಉರಿಸಲೆಂದೇ ಬರೆದ ಹಾಗಿದೆ. ಗೊತ್ತಿಲ್ಲದವರು ಅದನ್ನು ಆತ್ಮಕಥೆಯ ಕಪಾಟಿಗೆ ಸೇರಿಸಿಬಿಡುತ್ತಾರೆ.

ವಿಷಯ ಬೇರೆ ಆದರೂ ಒಬ್ಬರೇ ಇರಬಹುದು ಅಂದೆ. ಇದರ ಉಲ್ಟಾನೂ ನಿಜ. ವಿಷಯ ಒಂದೇ ಆದರೂ ಇಬ್ಬರಿರಬಹುದು. ಭಾಸ್ಕರ ಅಂದ ಕೂಡಲೇ ನಮಗೆ ಲೀಲಾವತಿ ನೆನಪಾಗುತ್ತದೆ. ಅದನ್ನು ಬರೆದವನು ಹುಟ್ಟಿದ್ದು 1114ರಲ್ಲಿ, ಅವನ ಸಿದ್ಧಾಂತ ಶಿರೋಮಣಿ 1150ರದ್ದು. ಆದರೆ ಅವನಿಗಿಂತ ಐನೂರು ವರ್ಷ ಮುಂಚೆ ಇನ್ನೊಬ್ಬ ಭಾಸ್ಕರ ಇದ್ದ. ಅವನದ್ದೂ ಗಣಿತ, ಅವನದ್ದೂ ಖಗೋಳ. 629ರಲ್ಲಿ ಆರ್ಯಭಟೀಯಕ್ಕೆ ವ್ಯಾಖ್ಯಾನ ಬರೆದ. ಆ ಆರ್ಯಭಟನದ್ದೂ ಇದೇ ಪಾಡು. 499ರಲ್ಲಿ ಆರ್ಯಭಟೀಯ ಬರೆದವನು ಒಬ್ಬ, ಮಹಾಸಿದ್ಧಾಂತ ಬರೆದವನು ಮತ್ತೊಬ್ಬ. ಒಂದನೆಯ ಭಾಸ್ಕರ, ಎರಡನೆಯ ಭಾಸ್ಕರ ಅಂತ ನಾವು ಹಾಕುವ ನಂಬರು ಅವರಿಗೆ ಗೊತ್ತೇ ಇರಲಿಲ್ಲ. ತಾನು 'ಒಂದನೆಯವನು' ಅಂತ ಯಾರಿಗೆ ತಾನೇ ಗೊತ್ತಿರುತ್ತದೆ? ಎರಡನೆಯವನು ಹುಟ್ಟಬೇಕಲ್ಲ.

ನಮ್ಮ ಭಾಷೆಯಲ್ಲೂ ಇಬ್ಬರು ನಾಗವರ್ಮರು. ಒಬ್ಬ ಛಂದೋಂಬುಧಿಯವನು, ಕರ್ಣಾಟಕ ಕಾದಂಬರಿಯವನು. ಇನ್ನೊಬ್ಬ ಕಾವ್ಯಾವಲೋಕನ, ಭಾಷಾಭೂಷಣ, ವಸ್ತುಕೋಶ ಬರೆದವನು. ಅಂದರೆ ಛಂದಸ್ಸು ಒಬ್ಬನ ಲೆಕ್ಕಕ್ಕೆ, ವ್ಯಾಕರಣ ಮತ್ತು ನಿಘಂಟು ಇನ್ನೊಬ್ಬನ ಲೆಕ್ಕಕ್ಕೆ. ಪರೀಕ್ಷೆಗೆ ಓದಿದವರಿಗೆ ಇದು ಎಷ್ಟು ಸಲ ತಲೆ ತಿಂದಿದೆ ಅಂತ ಕೇಳಿ ನೋಡಿ. ಪಂಪನ ವಿಷಯ ಇನ್ನೂ ಚೆನ್ನಾಗಿದೆ. ಪಂಪಭಾರತ 941ರ ಆಸುಪಾಸಿನದ್ದು, ಆದಿಕವಿಯದ್ದು. ಪಂಪರಾಮಾಯಣ? ಅದು ಆದಿಕವಿಯದ್ದಲ್ಲ, ನಾಗಚಂದ್ರನದ್ದು. ನೂರು ವರ್ಷಕ್ಕೂ ಜಾಸ್ತಿ ಕಾಲ ಕಳೆದ ಮೇಲೆ ಬಂದವನು, ತನ್ನನ್ನು ಅಭಿನವ ಪಂಪ ಅಂತ ಕರೆದುಕೊಂಡ. ಜನ 'ಅಭಿನವ' ಬಿಟ್ಟರು, 'ಪಂಪ' ಉಳಿಸಿಕೊಂಡರು. ಹಿರಿಯ ಕವಿಯ ಹೆಸರನ್ನು ಗೌರವದಿಂದ ತೆಗೆದುಕೊಂಡದ್ದು ಸರಿ, ಆದರೆ ಭಾರತ ಮತ್ತು ರಾಮಾಯಣ ಎರಡನ್ನೂ ಒಬ್ಬನೇ ಬರೆದ ಅಂತ ಇವತ್ತಿಗೂ ಹೇಳುವವರು ಸಿಗುತ್ತಾರೆ.

ಕೂಡಿಸುವ ಆಸೆ ನಮ್ಮಲ್ಲಿ ಎಷ್ಟು ಗಟ್ಟಿ ಅನ್ನೋದಕ್ಕೆ ಪತಂಜಲಿಯನ್ನು ನೋಡಿ. ವ್ಯಾಕರಣದ ಮಹಾಭಾಷ್ಯ ಪತಂಜಲಿಯದ್ದು. ಯೋಗಸೂತ್ರ ಪತಂಜಲಿಯದ್ದು. ವೈದ್ಯಕ್ಕೂ ಅದೇ ಹೆಸರು. ಯೋಗದಿಂದ ಮನಸ್ಸಿನ ಕೊಳೆ, ವ್ಯಾಕರಣದಿಂದ ಮಾತಿನ ಕೊಳೆ, ವೈದ್ಯದಿಂದ ಮೈಯ ಕೊಳೆ ತೊಳೆದ ಮುನಿ ಅಂತ ಒಂದು ಶ್ಲೋಕ ಇದೆ, ಯೋಗ ಕಲಿತವರು ಹೇಳಿಕೊಂಡಿರುತ್ತೀರಿ. ಎಷ್ಟು ಚಂದ ಇದೆ ನೋಡಿ! ಇಷ್ಟು ಚಂದ ಇರುವುದೇ ನನಗೆ ಅನುಮಾನ. ಮಹಾಭಾಷ್ಯ ಕ್ರಿಸ್ತಪೂರ್ವ 2ನೇ ಶತಮಾನದ್ದು ಅಂತ ಸಾಮಾನ್ಯವಾಗಿ ಹೇಳುತ್ತಾರೆ. ಯೋಗಸೂತ್ರ ಅದಕ್ಕಿಂತ ಎಷ್ಟೋ ಶತಮಾನ ಈಚಿನದ್ದು ಅನ್ನುವ ವಿದ್ವಾಂಸರು ಬಹಳ ಮಂದಿ. ಒಬ್ಬರೇ ಅನ್ನುವವರೂ ಇದ್ದಾರೆ. ಈ ಜಗಳದಲ್ಲಿ ನಾನು ತೀರ್ಪು ಕೊಡುವುದಿಲ್ಲ, ನನ್ನ ಕೆಲಸ ಅಲ್ಲ. ನಾನು ನೋಡುವುದು ಒಂದೇ. ಮೂರು ದೊಡ್ಡ ಪುಸ್ತಕಕ್ಕೆ ಮೂರು ಅಪರಿಚಿತರು ಅನ್ನೋದಕ್ಕಿಂತ, ಎಲ್ಲ ಬಲ್ಲ ಒಬ್ಬ ಮುನಿ ಅನ್ನೋದು ನಮಗೆ ಇಷ್ಟ. ಕಾರ್ಡು ಕೂಡಿಸಿದಾಗ ನನಗಾದ ಸಂತೋಷವೂ ಅದೇ ಜಾತಿಯದ್ದು.

ಈಗ ಒಂದು ಕಾಗದದ ಕತೆ. 1899ರ ಜೂನ್ ತಿಂಗಳು. ಲಂಡನ್ನಿನಿಂದ ವಿನ್‌ಸ್ಟನ್ ಚರ್ಚಿಲ್ ಎಂಬ 24 ವರ್ಷದ ಹುಡುಗ ಅಮೆರಿಕಕ್ಕೆ ಕಾಗದ ಬರೆಯುತ್ತಾನೆ. ಯಾರಿಗೆ? ವಿನ್‌ಸ್ಟನ್ ಚರ್ಚಿಲ್‌ಗೆ. ಅಮೆರಿಕದ ಚರ್ಚಿಲ್ 1871ರಲ್ಲಿ ಹುಟ್ಟಿದವನು, ಮೂರು ವರ್ಷ ದೊಡ್ಡವನು, ಆಗ ಕಾದಂಬರಿಕಾರನಾಗಿ ಏರುತ್ತಿದ್ದ. ಲಂಡನ್ನಿನವನ ಒಂದು ಕಾದಂಬರಿ ಅದೇ ಹೊತ್ತಿಗೆ ಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬರುತ್ತಿತ್ತು. ಅಮೆರಿಕದವನ ಹೊಸ ಕಾದಂಬರಿ ಬರುತ್ತಿದೆ ಅಂತ ಪತ್ರಿಕೆಗಳಲ್ಲಿ ಓದಿ ಇವನಿಗೆ ಗಾಬರಿ. ಕಾಗದದ ತಮಾಷೆ ಏನೆಂದರೆ, 'ನಾನು', 'ನೀವು' ಅನ್ನುವ ಪದಗಳೇ ಇಲ್ಲ. ಶ್ರೀ ಚರ್ಚಿಲ್ ಅವರು ಶ್ರೀ ಚರ್ಚಿಲ್ ಅವರಿಗೆ ವಂದನೆ ತಿಳಿಸಿ, ಇಬ್ಬರಿಗೂ ಸಂಬಂಧಪಟ್ಟ ಒಂದು ವಿಷಯವನ್ನು ಗಮನಕ್ಕೆ ತರುತ್ತಾರೆ, ಹೀಗೇ ಸಾಗುತ್ತದೆ. ಯಾವ ಚರ್ಚಿಲ್ ಯಾರಿಗೆ ಹೇಳುತ್ತಿದ್ದಾನೆ ಅಂತ ಬೆರಳಿಟ್ಟು ಓದಬೇಕು. ಇನ್ನು ಮುಂದೆ ತಾನು ವಿನ್‌ಸ್ಟನ್ ಸ್ಪೆನ್ಸರ್ ಚರ್ಚಿಲ್ ಅಂತ ಸಹಿ ಮಾಡುವೆ ಅಂತ ಒಪ್ಪಿಕೊಳ್ಳುತ್ತಾನೆ.

ಉತ್ತರವೂ ಅದೇ ಧಾಟಿಯಲ್ಲಿ ಬಂತು. ಶ್ರೀ ಚರ್ಚಿಲ್ ಅವರಿಗೆ ಶ್ರೀ ಚರ್ಚಿಲ್ ಕೃತಜ್ಞರು, ತಮಗೆ ಬೇರೆ ಯಾವುದಾದರೂ ಹೆಸರು ಇದ್ದಿದ್ದರೆ ಖಂಡಿತ ಅದರಲ್ಲಿ ಒಂದನ್ನು ಸೇರಿಸಿಕೊಳ್ಳುತ್ತಿದ್ದರು. ಪಾಪ, ಅವನಿಗೆ ನಡುವಿನ ಹೆಸರೇ ಇರಲಿಲ್ಲ. ಆಗ ಜಾಸ್ತಿ ಮಾರಾಟ ಆಗುತ್ತಿದ್ದದ್ದು ಅಮೆರಿಕದ ಚರ್ಚಿಲ್ ಪುಸ್ತಕ, ಇದನ್ನು ಮರೆಯಬೇಡಿ. ದಾರಿ ಬಿಟ್ಟುಕೊಟ್ಟವನು ಮುಂದೆ ಬ್ರಿಟನ್ನಿನ ಪ್ರಧಾನಿಯಾದ, 1953ರಲ್ಲಿ ಸಾಹಿತ್ಯದ ನೊಬೆಲ್ ಪಡೆದ. ಇವತ್ತು ಅಮೆರಿಕದವನ ಕಾದಂಬರಿ ಎತ್ತಿಕೊಂಡವರು, ಪ್ರಧಾನಿ ಕಾದಂಬರಿಯನ್ನೂ ಬರೆದಿದ್ದಾರಾ ಅಂತ ಬೆರಗಾಗುತ್ತಾರೆ. ಬರೆದಿದ್ದಾರೆ, ಒಂದೇ ಒಂದು. ಆದರೆ ಕೈಯಲ್ಲಿರುವುದು ಅದಲ್ಲ! ಇಬ್ಬರೂ ರಾಜಕೀಯಕ್ಕೆ ಇಳಿದರು, ಇಬ್ಬರೂ ಚಿತ್ರ ಬಿಡಿಸುತ್ತಿದ್ದರು. ಒಬ್ಬ ನೌಕಾ ಅಕಾಡೆಮಿಯಲ್ಲಿ ಓದಿದವನು, ಇನ್ನೊಬ್ಬ ಸೈನಿಕ ಕಾಲೇಜಿನಲ್ಲಿ. ವೃತ್ತಿ ನೋಡಿ ಬಿಡಿಸೋಣ ಅಂದರೆ ಅಲ್ಲೂ ದಾರಿ ಇಲ್ಲ. ಕ್ಯಾಟಲಾಗಿನಲ್ಲಿ ಅವರನ್ನು ಬೇರೆ ಮಾಡುವುದು ಬರೀ ಇಸವಿ: 1871–1947, 1874–1965.

ಹೆಸರಿನ ಪಕ್ಕ ಹುಟ್ಟಿದ ವರ್ಷ ಹಾಕುವುದು ಗ್ರಂಥಾಲಯಗಳ ಹಳೆಯ ಉಪಾಯ. ಕವಿತ್ವ ಇಲ್ಲ, ಆದರೆ ಕೆಲಸ ಮಾಡುತ್ತದೆ. ಇದಕ್ಕೆ ಯಾಕೆ ಇಷ್ಟು ಒದ್ದಾಟ ಅಂದರೆ, ಎಸ್. ಆರ್. ರಂಗನಾಥನ್ ಗ್ರಂಥಾಲಯಗಳಿಗಾಗಿ 1931ರಲ್ಲಿ ಬರೆದ ಐದು ಸೂತ್ರಗಳಲ್ಲಿ ನಾಲ್ಕನೆಯದು ಓದುಗರ ಸಮಯ ಉಳಿಸಿ ಅನ್ನುತ್ತದೆ. ತಪ್ಪು ಮನುಷ್ಯನ ಪುಸ್ತಕ ಕೈಗೆ ಕೊಟ್ಟರೆ ಅವರ ಒಂದು ವಾರ ಹೋಯಿತು.

ಇನಿಶಿಯಲ್ ಇನ್ನೊಂದು ಉಪಾಯ. ಇಲ್ಲಿ ಕನ್ನಡ ಲಿಪಿಯ ಒಂದು ಚಮತ್ಕಾರ ಹೇಳದೆ ಇರಲಾರೆ. ಇಬ್ಬರು ಶ್ರೀಕಂಠಯ್ಯ. ಒಬ್ಬರು ಇಂಗ್ಲಿಷ್ ಗೀತಗಳನ್ನು ಕನ್ನಡಕ್ಕೆ ತಂದವರು, ಇನ್ನೊಬ್ಬರು ಭಾರತೀಯ ಕಾವ್ಯಮೀಮಾಂಸೆ ಬರೆದವರು. ಗುರು ಮತ್ತು ಶಿಷ್ಯ. ಬಿ.ಎಂ.ಶ್ರೀ ಅಂದರೆ ಒಬ್ಬರು, ತೀ.ನಂ.ಶ್ರೀ ಅಂದರೆ ಇನ್ನೊಬ್ಬರು, ಗೊಂದಲವೇ ಇಲ್ಲ. ಆದರೆ ಎರಡನೆಯದನ್ನು ಗಮನಿಸಿ. ಟಿ.ಎನ್. ಅಂತ ಬರೆದಿದ್ದರೆ ಆ 'ಟಿ' ತಿಮ್ಮಪ್ಪನೂ ಆಗಬಹುದು, ತೋಟದವನೂ ಆಗಬಹುದು. 'ತೀ' ಅಂದಾಗ ದೀರ್ಘ ಈಕಾರ ಕೂಡ ಹೆಸರಿನ ಜೊತೆ ಬಂತು. ರೋಮನ್ನಿನ ಒಂದು ಎಸ್‌ನಲ್ಲಿ ನಮ್ಮ ಸ, ಶ, ಷ ಮೂರೂ ಅಡಗಿರುತ್ತವೆ, ಅವುಗಳ ಕಾಗುಣಿತ ಬೇರೆ. ಕು-ವೆಂ-ಪು ಅನ್ನೋ ಮೂರು ಅಕ್ಷರದ ಹೆಸರು ಇನ್ನೊಬ್ಬರಿಗೆ ಡಿಕ್ಕಿ ಹೊಡೆಯುವ ಸಂಭವ, ಕೆ.ವಿ.ಪಿ. ಅನ್ನುವುದಕ್ಕಿಂತ ಎಷ್ಟೋ ಕಡಿಮೆ. ಅವರು ಇದನ್ನೆಲ್ಲ ಲೆಕ್ಕ ಹಾಕಿ ಇಟ್ಟುಕೊಂಡರು ಅಂತ ನಾನು ಹೇಳುತ್ತಿಲ್ಲ. ಆದರೆ ಕ್ಯಾಟಲಾಗಿನವನಿಗೆ ಮಾತ್ರ ದೊಡ್ಡ ಉಪಕಾರ ಆಯಿತು. ಮಾಸ್ತಿಯವರು 'ಶ್ರೀನಿವಾಸ' ಅಂತ ಕಾವ್ಯನಾಮ ಇಟ್ಟುಕೊಂಡರು. ನಮ್ಮ ಕಡೆಯಿಂದ ನೋಡಿದರೆ ಅಷ್ಟು ಒಳ್ಳೆಯ ಆಯ್ಕೆ ಅಲ್ಲ, ಎಷ್ಟು ಜನ ಶ್ರೀನಿವಾಸರು!

ಲಿಪಿ ಬದಲಾದಾಗ ಹೆಸರಿಗೆ ಏನಾಗುತ್ತದೆ ಅಂತ ಚೀನೀ ವಿಜ್ಞಾನಿಗಳನ್ನು ಕೇಳಬೇಕು. ವೇ ವಾಂಗ್ ಅಂತ ರೋಮನ್ ಲಿಪಿಯಲ್ಲಿ ಸಹಿ ಮಾಡುವವರು ಲೆಕ್ಕವಿಲ್ಲದಷ್ಟು. ಅವರ ಲಿಪಿಯಲ್ಲಿ ಆ 'ವೇ'ಗೆ ಬೇರೆ ಬೇರೆ ಅಕ್ಷರ, ಉಚ್ಚಾರದಲ್ಲಿ ಬೇರೆ ಬೇರೆ ಏರಿಳಿತ. ರೋಮನ್ನಿಗೆ ಬಂದ ಕೂಡಲೇ ಎಲ್ಲ ಒಂದೇ. ಅಮೆರಿಕದ ಭೌತಶಾಸ್ತ್ರ ಸಂಘದ ಪತ್ರಿಕೆಗಳು 2007ರಲ್ಲಿ ಇದಕ್ಕೆ ಒಂದು ದಾರಿ ಮಾಡಿದವು: ರೋಮನ್ ಹೆಸರಿನ ಪಕ್ಕ ತಮ್ಮ ಲಿಪಿಯಲ್ಲೂ ಹೆಸರು ಬರೆಯಬಹುದು. ನನಗೆ ಇದು ಬಹಳ ಹಿಡಿಸಿತು. ಅದಾದ ಮೇಲೆ ಬಂದದ್ದು ಬರೆಯುವವರಿಗೆ ಒಬ್ಬೊಬ್ಬರಿಗೂ ಒಂದೊಂದು ನಂಬರು. 2012ರಲ್ಲಿ ಐಎಸ್‌ಎನ್‌ಐ ಅಂತ ಒಂದು ಅಂತರರಾಷ್ಟ್ರೀಯ ಗುರುತು ಬಂತು, ಅದೇ ವರ್ಷ ಸಂಶೋಧಕರಿಗೆ ಆರ್ಕಿಡ್. ಎರಡೂ 16 ಅಂಕಿಯವು, ನಾಲ್ಕು ನಾಲ್ಕರ ಗುಂಪಿನಲ್ಲಿ ಬರೆಯುತ್ತಾರೆ. ಕೊನೆಯದು ಸುಮ್ನೆ ಇರುವ ಅಂಕಿ ಅಲ್ಲ, ಹಿಂದಿನ ಹದಿನೈದರಿಂದ ಲೆಕ್ಕ ಮಾಡಿ ಬರುವುದು. ಎಲ್ಲಾದರೂ ಒಂದು ಅಂಕಿ ತಪ್ಪಿ ಬರೆದರೆ ಲೆಕ್ಕ ಕೂಡುವುದಿಲ್ಲ, ತಪ್ಪು ಸಿಕ್ಕಿಬೀಳುತ್ತದೆ. ಐಎಸ್‌ಬಿಎನ್ ಇದೆಯಲ್ಲ ಅಂತ ಬಹಳ ಜನ ಕೇಳುತ್ತಾರೆ. ಅದು ಪುಸ್ತಕದ ನಂಬರು, ಬರೆದವರದ್ದಲ್ಲ. ಒಬ್ಬರೇ ಹತ್ತು ಪುಸ್ತಕ ಬರೆದರೆ ಹತ್ತು ಐಎಸ್‌ಬಿಎನ್.

ಒಂದು ಕ್ಷಣ ಓದುಗರ ಕಡೆಗೂ ಬರೋಣ. ಒಬ್ಬ ಜಾನ್ ಗ್ರೇ ಇಂಗ್ಲೆಂಡಿನ ತತ್ತ್ವಶಾಸ್ತ್ರದವರು. ಮನುಷ್ಯ ಉಳಿದ ಪ್ರಾಣಿಗಳಿಗಿಂತ ಏನೂ ದೊಡ್ಡವನಲ್ಲ ಅಂತ ವಾದಿಸುವ ಪುಸ್ತಕ ಅವರದ್ದು, 2002ರಲ್ಲಿ ಬಂತು. ಇನ್ನೊಬ್ಬ ಜಾನ್ ಗ್ರೇ ಅಮೆರಿಕದವರು. ಗಂಡಸರು ಮಂಗಳ ಗ್ರಹದವರು, ಹೆಂಗಸರು ಶುಕ್ರದವರು ಅನ್ನೋ 1992ರ ಪುಸ್ತಕ ಅವರದ್ದು. ಗಂಡ ಹೆಂಡತಿ ಜಗಳಕ್ಕೆ ಪರಿಹಾರ ಹುಡುಕಿಕೊಂಡು ಹೋಗಿ ಮೊದಲನೆಯದನ್ನು ತಂದವರ ಮನೆ ಏನಾಗಿರಬಹುದು! ಕಾದಂಬರಿಕಾರ್ತಿ ಎಲಿಜಬೆತ್ ಟೇಲರ್ ಅವರ ಕತೆ ಇಷ್ಟು ನಗು ತರಿಸುವುದಿಲ್ಲ. ಅವರ ಮೊದಲ ಕಾದಂಬರಿ ಬಂದದ್ದು 1945ರಲ್ಲಿ. ಹಿಂದಿನ ವರ್ಷವೇ ಅದೇ ಹೆಸರಿನ ಹುಡುಗಿಯೊಬ್ಬಳು ಸಿನಿಮಾದಲ್ಲಿ ಮಿಂಚಿದ್ದಳು. ಆಮೇಲೆ ಜೀವನಪೂರ್ತಿ ನಟಿಯ ಅಭಿಮಾನಿಗಳ ಕಾಗದ ಇವರಿಗೆ ಬರುತ್ತಿತ್ತು. ಮೇಲಿಂದ ನಟಿಯೂ ಪುಸ್ತಕ ಬರೆದರು: 1946ರಲ್ಲಿ ಸಾಕಿದ ಅಳಿಲಿನ ಬಗ್ಗೆ, 1988ರಲ್ಲಿ ತೂಕ ಇಳಿಸುವ ಬಗ್ಗೆ, 2002ರಲ್ಲಿ ಒಡವೆಗಳ ಬಗ್ಗೆ. ಕಾದಂಬರಿಕಾರ್ತಿ ತೀರಿಕೊಂಡದ್ದು 1975ರಲ್ಲಿ. ಸೂಕ್ಷ್ಮವಾಗಿ, ಸದ್ದಿಲ್ಲದೆ ಬರೆದವರು. ಅವರ ಹೆಸರಲ್ಲಿ ಹುಡುಕಿದವರಿಗೆ ಮೊದಲು ಸಿಗುವುದು ಒಡವೆ.

ಇನ್ನು ಪ್ರಶ್ನೆಗಳು.

"ಬೇಕೆಂದೇ ಇನ್ನೊಬ್ಬರ ಹೆಸರು ಇಟ್ಟುಕೊಂಡವರು ಇದ್ದಾರಾ?" ಅಂತ ಒಬ್ಬರು ಕೇಳಿದರು. ಇದ್ದಾರೆ. 1968ರಲ್ಲಿ ಷೇರು ಪೇಟೆಯ ಬಗ್ಗೆ ಒಂದು ಪುಸ್ತಕ ಬಂತು, ಲೇಖಕ ಆಡಂ ಸ್ಮಿತ್. ಅರ್ಥಶಾಸ್ತ್ರದ ಆಡಂ ಸ್ಮಿತ್ ಬರೆದದ್ದು 1776ರಲ್ಲಿ, ಆದ್ದರಿಂದ ಯಾರಿಗೂ ಮೋಸ ಆಗಲಿಲ್ಲ. ನಿಜವಾದ ಹೆಸರು ಜಾರ್ಜ್ ಗುಡ್‌ಮನ್. ಇದು ತಮಾಷೆಗೆ ಹಾಕಿಕೊಂಡ ವೇಷ, ನನಗೆ ತಕರಾರಿಲ್ಲ. ಇದಕ್ಕೆ ಉಲ್ಟಾ ಅಂದರೆ ಲೂಯಿಸ್ ಕ್ಯಾರಲ್. ಆಲಿಸಳ ಕತೆಗೆ ಆ ಹೆಸರು, ಗಣಿತದ ಪುಸ್ತಕಕ್ಕೆ ಚಾರ್ಲ್ಸ್ ಡಾಡ್ಜ್‌ಸನ್ ಅನ್ನೋ ಸ್ವಂತ ಹೆಸರು. ತನ್ನನ್ನು ತಾನೇ ಇಬ್ಬರು ಮಾಡಿಕೊಂಡವನು.

ಹಿಂದಿನ ಸಾಲಿನಿಂದ ಒಬ್ಬ ಹುಡುಗಿ: "ಸರ್, ನನ್ನ ಹೆಸರಲ್ಲೇ ಇನ್ನೊಬ್ಬರು ಬರೆಯುತ್ತಿದ್ದಾರೆ. ತಡೆಯಬಹುದಾ?" ಇಲ್ಲಮ್ಮ. ಸಿನಿಮಾ ನಟರ ಸಂಘಗಳಲ್ಲಿ ಕೆಲವು ಕಡೆ ಒಂದೇ ಹೆಸರಿನ ಇಬ್ಬರನ್ನು ಸೇರಿಸಿಕೊಳ್ಳುವುದಿಲ್ಲ. ಮೈಕೆಲ್ ಕೀಟನ್ ಅವರ ಹುಟ್ಟುಹೆಸರು ಮೈಕೆಲ್ ಡಗ್ಲಸ್, ಆ ಹೆಸರಿನ ನಟ ಆಗಲೇ ಇದ್ದರು, ಇವರು ಬದಲಾಯಿಸಿಕೊಂಡರು. ಬರೆಯುವವರಿಗೆ ಅಂಥ ಕಟ್ಟುಪಾಡು ಇಲ್ಲ, ಹೆಸರಿಗೆ ಕಾಪಿರೈಟೂ ಇಲ್ಲ. ಅವರಿಗೇ ಒಂದು ಕಾಗದ ಬರೆಯಿರಿ, ಚರ್ಚಿಲ್ ಬರೆದ ಹಾಗೆ. ಮೊದಲ ಪುಸ್ತಕ ಇನ್ನೂ ಬಂದಿಲ್ಲ ಅಂದಿರಿ, ಹಾಗಾದರೆ ಈಗಲೇ ಒಂದು ಅಕ್ಷರ ಸೇರಿಸಿಕೊಳ್ಳಿ. ಕನ್ನಡ ಅಕ್ಷರವೇ ಇರಲಿ. ಒಂದು ಪುಸ್ತಕದಲ್ಲಿ ಹಾಕಿ ಇನ್ನೊಂದರಲ್ಲಿ ಬಿಡಬೇಡಿ, ಆಮೇಲೆ ನನ್ನಂಥವನು ನಿಮ್ಮನ್ನೇ ಇಬ್ಬರು ಮಾಡುತ್ತಾನೆ. ಮುನ್ನುಡಿಯ ಕೆಳಗೆ ತಾರೀಖು ಹಾಕುವುದನ್ನು ಮಾತ್ರ ಮರೆಯಬೇಡಿ.

ಕೊನೆಯ ಪ್ರಶ್ನೆ: ಆ ಕವಿ ಮತ್ತು ಮಣ್ಣಿನವರ ಪುಸ್ತಕಗಳು ಕೊನೆಗೆ ಬೇರೆ ಆದವಾ?

ಆದವು, ಒಂದನ್ನು ಬಿಟ್ಟು. ಜೇನುಹುಳುಗಳ ಬಗ್ಗೆ ಒಂದು ತೆಳ್ಳನೆಯ ಪುಸ್ತಕ. ಮುನ್ನುಡಿ ಇಲ್ಲ, ಅರ್ಪಣೆ ಇಲ್ಲ, ಇಸವಿ ಇಲ್ಲ, ಫೋಟೋ ಇಲ್ಲ. ಗಿಡಮರ, ಹೂವು ಅಂದಾಗ ಮಣ್ಣಿನವರದ್ದೇ ಅನ್ನಿಸುತ್ತದೆ. ಆದರೆ ಗೂಡು ಬಿಟ್ಟು ಹೊರಡುವ ಹುಳುಗಳ ಸದ್ದನ್ನು ಬಣ್ಣಿಸುವ ಒಂದು ಪುಟ ಇದೆ, ಅದನ್ನು ಓದಿದಾಗ ಕವಿಯೇ ಬರೆದಿರಬೇಕು ಅನ್ನಿಸುತ್ತದೆ. ಮೂರನೆಯವರು ಯಾರೋ ಇದ್ದರೂ ಇರಬಹುದು. ಕಂಪ್ಯೂಟರಿನಲ್ಲಿ ಅದನ್ನು ಇಬ್ಬರಲ್ಲಿ ಯಾರಿಗೂ ಸೇರಿಸಿಲ್ಲ, ಬೇರೆಯದೇ ಒಂದು ಹೆಸರಾಗಿ ಇಟ್ಟಿದ್ದೇನೆ. ಹಳೆಯ ಕಾರ್ಡನ್ನೂ ಎಸೆಯಲಿಲ್ಲ. ಅದರಲ್ಲಿ ಹೆಸರಿನ ಮುಂದೆ ಪೆನ್ಸಿಲಿನಲ್ಲಿ ಒಂದು ಪ್ರಶ್ನಾರ್ಥಕ ಚಿಹ್ನೆ ಹಾಕಿದ್ದೇನೆ.